ಎಮೆಕನ ಮಗಳ ಬಾಚಣಿಗೆ

ಸಪ್ಪಲಮ್ಮನ ಎಡಸೊಂಟ ನೋಡಿದರೆ ಸಾಕು, ಜೋಡಿಗುಂಟೆ ಪಂಚಾಯಿತಿಯ ಆಡಳಿತ ಹೇಗಿದೆಯೆಂದು ಗೊತ್ತಾಗುತ್ತದೆ. ಬಿಂದಿಗೆ ಕೂತು ಕೂತು ಅಲ್ಲಿ ಚರ್ಮ ದಡ್ಡುಗಟ್ಟಿದೆ. ಮದುವೆಯಾಗಿ ಬಂದಾಗಿನಿಂದ ಹೊತ್ತಿದ್ದಾಳೆ. ಮೊದಲು ಮಣ್ಣಿನದು, ಆಮೇಲೆ ತಗಡಿನದು, ಈಗ ಪ್ಲಾಸ್ಟಿಕ್ಕಿನದು. ಬಿಂದಿಗೆ ಬದಲಾಯಿತು. ಸೊಂಟ ಅದೇ.

ನೀರಿನ ಟ್ಯಾಂಕು ಊರಿನಲ್ಲಿದೆ. ಪೈಪು ಅಲ್ಲಿಂದ ಹೊರಟು ಕಾಲನಿಯ ಕಡೆಗೆ ಬರುತ್ತದೆ. ಕಾಲನಿ ಎಂದರೆ ಹಿಂದೆ ಕೇರಿ ಅನ್ನುತ್ತಿದ್ದರಲ್ಲ, ಅದೇ. ಹೆಸರಿಗೆ ಮಾತ್ರ ಸುಣ್ಣ ಬಳಿದಿದ್ದಾರೆ. ಬರುತ್ತಾ ಬರುತ್ತಾ ಪೈಪು ಹುಣಸೆಮರದ ಬುಡದಲ್ಲಿ ನಿಂತುಬಿಡುತ್ತದೆ. ಅದಕ್ಕೇನು ಕಾಲುನೋವೇ? ಏನೂ ಇಲ್ಲ. ಮರದಾಚೆ ಕಾಲನಿ ಶುರುವಾಗುತ್ತದೆ, ಅದಕ್ಕೆ.

ಮರದ ಬುಡದ ನಲ್ಲಿಯಲ್ಲಿ ಮೊದಲು ಊರವರು ಹಿಡಿಯಬೇಕು. ಆಮೇಲೆ ಅವರ ಎಮ್ಮೆಗಳು ಮೈ ತೊಳೆದುಕೊಳ್ಳಬೇಕು. ಆಮೇಲೆ ಅವರ ಬೈಕುಗಳು. ಅದಾದ ಮೇಲೆ ಕಾಲನಿಯ ಸರದಿ. ವಾಲ್ವಿನ ಗುಂಡಿಗೆ ಬೀಗ. ಬೀಗದ ಕೈ ನೀರು ಬಿಡುವ ನಾಗರಾಜನ್‌ನ ಉಡುದಾರದಲ್ಲಿ. ಊರಿಗೆ ಪ್ರೆಸಿಡೆಂಟ್ ಯಾರೇ ಇರಲಿ, ದೇವರು ಮಾತ್ರ ಆ ಉಡುದಾರದಲ್ಲಿ ನೇತಾಡುತ್ತಿದ್ದ.

ಅವತ್ತು ಸಪ್ಪಲಮ್ಮನ ಬಿಂದಿಗೆ ಅರ್ಧ ತುಂಬಿತ್ತು. ನಾಗರಾಜನ್ ವಾಲ್ವ್ ತಿರುಗಿಸಿ ನಿಲ್ಲಿಸಿಬಿಟ್ಟ.

"ಅಣ್ಣಾ, ಇನ್ನೂ ಅರ್ಧನೇ ಆಗೈತೆ."

"ಟೈಂ ಆಯ್ತು ಸಪ್ಪಲೀ. ಪ್ರೆಸಿಡೆಂಟ್ ಮನೆ ಸಂಪು ತುಂಬ್ಬೇಕು."

"ನಾವೂ ಕುಡೀಬೇಕಲ್ಲಣ್ಣಾ."

"ಇವತ್ತು ಅರ್ಧ ಕುಡಿ. ನಿನ್ ಮೊಮ್ಮಗ್ಳೂ ಅರ್ಧ ತಾನೇ? ಸರಿಯಾಗ್ತದೆ ಬುಡು."

ನಿಂತವರೆಲ್ಲ ಗೊಳ್ಳೆಂದು ನಕ್ಕರು. ಕಾಲನಿಯವರೂ ನಕ್ಕರು, ಅದೇ ನೋಡಿ ಹೊಟ್ಟೆ ಉರಿಯುವುದು. ಖಾಲಿ ಬಿಂದಿಗೆ ಹಿಡಿದು ಹಿಂದೆ ನಿಂತಿದ್ದ ಮೊಮ್ಮಗಳು ಮೇನಕಾ ನಗಲಿಲ್ಲ.

ಮೇನಕಾ ಯಾಕೆ ಅರ್ಧ? ಅದನ್ನು ಹೇಳಿಬಿಡುತ್ತೇನೆ. ಸಪ್ಪಲಮ್ಮನ ಮಗಳು ಸಂಧ್ಯಾ ತಿರುಪ್ಪೂರಿನ ಬನಿಯನ್ ಕಂಪನಿಗೆ ಹೊಲಿಗೆ ಕೆಲಸಕ್ಕೆ ಹೋಗಿದ್ದಳು. ಅಲ್ಲಿ ಬನಿಯನ್ ಕೊಂಡು ತನ್ನ ದೇಶಕ್ಕೆ ಕಳಿಸುವ ನೈಜೀರಿಯಾದ ವ್ಯಾಪಾರಿ ಎಮೆಕ ಸಿಕ್ಕಿದ. ಇಬ್ಬರೂ ಮದುವೆಯಾದರು. ಕದ್ದು ಮುಚ್ಚಿ ಅಲ್ಲ. ಸಪ್ಪಲಮ್ಮನ ಮನೆ ಮುಂದೆ ಚಪ್ಪರ ಹಾಕಿ, ಕಾಲನಿಗೆಲ್ಲ ಊಟ ಹಾಕಿ, ಎಮೆಕ ತಾಳಿ ಕಟ್ಟಿದ. ಮೊದಲ ಬಾಣಂತನಕ್ಕೆ ಹೆಂಡತಿಯ ಜೊತೆ ಬಂದವನು ತಿಂಗಳುಗಟ್ಟಲೆ ಅತ್ತೆಮನೆಯಲ್ಲೇ ಉಳಿದ. ತಮಿಳುನಾಡಿಗೆ ಸೇರಿದ ಈ ಸೀಮೆಯಲ್ಲಿ ವ್ಯಾಪಾರ ಮಾಡಬೇಕಾದರೆ ತಮಿಳು ಬರಬೇಕಲ್ಲ ಎಂದು ಅತ್ತೆಯ ಹಿಂದೆ ತಿರುಗಿ ತಿರುಗಿ ಮಾತು ಕಲಿತ. ಅತ್ತೆ ಆಡುತ್ತಿದ್ದದ್ದು ಕಾಲನಿಯ ಮನೆಮಾತು ಕನ್ನಡ. ಪಾಪ, ಅವನಿಗೇನು ಗೊತ್ತು! ತಿರುಪ್ಪೂರಿಗೆ ವಾಪಸು ಹೋಗಿ ಕಂಪನಿ ಮುದಲಾಳಿಯ, ಅಂದರೆ ಯಜಮಾನನ, ಮುಂದೆ ನಿಂತು, "ಏನ್ಲಾ, ಇಷ್ಟೊಂದು ರೇಟ್ ಏಳ್ತೀಯ, ನಿನ್ ಮನೆ ಆಳಾಗ!" ಎಂದ. ನೈಜೀರಿಯಾದ ಭಾಷೆ ಕೇಳುವುದಕ್ಕೆ ಬಹಳ ಇಂಪಾಗಿದೆ ಎಂದು ಮುದಲಾಳಿ ತಲೆದೂಗಿದನಂತೆ. ಅದು ತಮಿಳಲ್ಲ ಎಂದು ಎಮೆಕನಿಗೆ ತಿಳಿಯುವ ಹೊತ್ತಿಗೆ ಕನ್ನಡ ನಾಲಿಗೆಗೆ ಅಂಟಿಕೊಂಡಿತ್ತು.

ಮಗಳು ಹುಟ್ಟಿದಾಗ ಕೂದಲು ಉಂಗುರ ಉಂಗುರ. ಅಪ್ಪನ ಬಣ್ಣದಲ್ಲಿ ಅರ್ಧ, ಅಮ್ಮನ ಮೂಗು, ಬಾಯಿ ಮಾತ್ರ ಪೂರ್ತಿ ಅಜ್ಜಿಯದು. ಅಜ್ಜಿಯ ಹತ್ತಿರವೇ ಬೆಳೆದಳು. ಧರ್ಮಪುರಿಯಲ್ಲಿ ಬಿ.ಕಾಂ. ಮುಗಿಸಿ ಅಲ್ಲೇ ಒಂದು ಬಟ್ಟೆ ಅಂಗಡಿಗೆ ಬಿಲ್ ಹಾಕುವ ಕೆಲಸಕ್ಕೆ ಸೇರಿದಳು. ಮುದಲಾಳಿ ಅವಳನ್ನು ಬಾಗಿಲಲ್ಲಿ ನಿಲ್ಲಿಸಿದ, ಜನ ನೋಡಲು ಬರುತ್ತಾರೆಂದು. ಬಂದವರು ಬೊಂಬೆ ಎಂದುಕೊಂಡು ಕೆನ್ನೆ ಚಿವುಟಿದರು. ಒಬ್ಬಳು ಅವಳ ಮೈಮೇಲಿನ ಚೂಡಿದಾರದ ರೇಟ್ ಚೀಟಿ ಹುಡುಕಿದಳು. ಮೇನಕಾ ಕೆಲಸ ಬಿಟ್ಟು ಬಂದಳು.

ಈಗ ಅರ್ಧ ಬಿಂದಿಗೆ ಹೊತ್ತು ಬರುವ ದಾರಿಯಲ್ಲೇ ಅವಳು ಹೇಳಿದಳು.

"ಅಜ್ಜೀ, ಈ ಸಲ ಪ್ರೆಸಿಡೆಂಟ್ ಎಲೆಕ್ಷನ್‌ಗೆ ನಾನ್ ನಿಂತ್ಕತೀನಿ."

"ಬಿಂದ್ಗೆ ನೆಟ್ಟಗೆ ಇಡ್ಕಳೇ ಮೊದ್ಲು, ಚೆಲ್ತದೆ."

"ನಿಜವಾಗ್ಲೂ ಅಜ್ಜೀ. ನಲ್ಲಿ ನಮ್ ಬಾಗ್ಲಿಗೆ ಬರ್ಬೇಕು. ನೀನ್ ಸಾಯೋದ್ರೊಳ್ಗೆ."

"ನಾನ್ಯಾಕ್ಲೇ ಸಾಯ್ತೀನಿ? ನಲ್ಲಿ ಬರೋಗಂಟ ಸಾಯಲ್ಲ ನಾನು," ಎಂದಳು ಸಪ್ಪಲಮ್ಮ. ಹಾಗೆ ಹೇಳಿದವಳೇ ನಿಂತುಬಿಟ್ಟಳು. ಸೊಂಟ ಚುರ್ರೆಂದಿತು. "ನಿಂತ್ಕೋ ಓಗು. ನಿಂತು ಆ ನಾಗರಾಜನ ಉಡುದಾರ ಬಿಚ್ಚಿಸು."

ಎದುರಾಳಿ ಧನಶೇಖರ್. ಎರಡು ಸಲ ಪ್ರೆಸಿಡೆಂಟ್ ಆದವನು. ಎರಡು ಸಲವೂ ಪೈಪು ಹಾಕಿಸುತ್ತೇನೆಂದು ಹುಣಸೆಮರವನ್ನು ಮುಟ್ಟಿ ಹೇಳಿದವನು. ಅವನ ಆಸ್ತಿ ಹೊಲವಲ್ಲ, ಮನೆಯಲ್ಲ, ಕಣ್ಣು. ಅವನದು ಬೆಕ್ಕಿನ ಕಣ್ಣು. ಮೊರಪ್ಪೂರಿನಲ್ಲಿ ರೈಲು ಹಳಿ ಹಾಕಿಸಿದ ಬಿಳೀ ದೊರೆಯೊಬ್ಬ ತನ್ನ ಮುತ್ತಾತನ ಅಪ್ಪನೋ ಅಜ್ಜನೋ ಆಗಬೇಕೆಂದು ಅವನೇ ಹೇಳಿಕೊಳ್ಳುತ್ತಿದ್ದ. ಬೇರೆಯವರಾದರೆ ಇಂಥ ಸಂಗತಿಯನ್ನು ಅಟ್ಟದ ಮೇಲೆ ಬಚ್ಚಿಡುತ್ತಾರೆ. ಇವನು ಅದನ್ನು ಹಣೆಗೆ ಬೊಟ್ಟಿಟ್ಟಂತೆ ಇಟ್ಟುಕೊಂಡು ಓಡಾಡಿದ. ಊರವರೂ ಒಪ್ಪಿದರು. "ದೊರೆ ರಕ್ತ ಅಲ್ವಾ, ಆಳೋದು ಅದ್ರಾಗೇ ಐತೆ," ಅನ್ನುತ್ತಿದ್ದರು. ಮನೆಬಾಗಿಲಿಗೆ ಬಂದರೆ ಹೆಂಗಸರು ಆರತಿ ಎತ್ತಿ ಕಣ್ಣು ನೋಡುತ್ತಿದ್ದರು.

ಮೇನಕಾ ನಾಮಿನೇಷನ್ ಹಾಕಿದ ದಿನದಿಂದ ಟೀ ಅಂಗಡಿಯಲ್ಲಿ ಒಂದೇ ಮಾತು. ಫಾರಿನ್ನು ಹೇಗೆ ಪ್ರೆಸಿಡೆಂಟ್ ಆಗುತ್ತದೆ? ಗೆದ್ದರೆ ಪಂಚಾಯಿತಿಯನ್ನೇ ಆಫ್ರಿಕಾಕ್ಕೆ ಎತ್ತಿಕೊಂಡು ಹೋಗುತ್ತಾಳಂತೆ. ಗ್ರಾಮಸಭೆಯಲ್ಲಿ ಯಾವ ಭಾಷೆ ಮಾತಾಡುತ್ತಾಳೆ? ಇದನ್ನು ಕೇಳಿದವನು ನಿನ್ನೆ ಅವಳ ಹತ್ತಿರ ಪಡಿತರ ಕಾರ್ಡಿನ ಅರ್ಜಿ ಬರೆಸಿಕೊಂಡು ಹೋಗಿದ್ದ. ಅದೂ ತಮಿಳಿನಲ್ಲಿ. ಥೂ, ಏನು ಜನವೋ!

ಊರವರದು ಬಿಡಿ. ಕಾಲನಿಯ ಹಿರಿಯ ಮಾರಿಯಪ್ಪನೇ ಸಪ್ಪಲಮ್ಮನ ಜಗುಲಿಗೆ ಬಂದು ಕೂತ. ಗಂಟಲು ಸರಿಮಾಡಿಕೊಂಡ.

"ಅಕ್ಕಾ, ತಪ್ಪು ತಿಳ್ಕಬ್ಯಾಡ. ಉಡ್ಗಿ ಅರ್ಧ ನಮ್ಮೋಳು, ಅರ್ಧ ಅವ್ರೋಳು. ನಾಳೆ ಗೆದ್ರೆ, ಅರ್ಧ ಪೈಪು ಬರ್ತದಾ?"

"ಈಗಿರೋದೇ ಅರ್ಧ ಪೈಪು ಕಣ್ಲಾ. ಅದ್ನ ಆಕ್ಸಿದ್ದು ಯಾರು, ಪೂರ್ತಿ ಮನ್ಸನಾ? ಅವ್ನ ಕಣ್ಣು ಯಾವೂರ್ದು ಅಂತ ಕೇಳ್ದಾ ನೀನು?"

"ಅವ್ರು ದೊರೆಗಳಲ್ವಾ ಅಕ್ಕಾ..."

"ಎದ್ದೋಗ್ಲಾ ನನ್ ಜಗ್ಲಿ ಬುಟ್ಟು!"

ಮಾರಿಯಪ್ಪ ಎದ್ದು ಹೋದ. ಹೋಗುವಾಗ ಅಲ್ಲಿದ್ದ ಚೊಂಬಿನ ನೀರು ಕುಡಿದು ಹೋದ. ಕಾಲನಿಯಲ್ಲಿ ಸಿಟ್ಟು ಬೇರೆ, ನೀರು ಬೇರೆ.

ಅಷ್ಟರಲ್ಲಿ ಫ್ಲೆಕ್ಸ್ ಬಂತು. ನಲ್ಲಂಪಳ್ಳಿಯಲ್ಲಿ ಫ್ಲೆಕ್ಸ್ ಅಂಗಡಿ ಇಟ್ಟಿರುವ ಸೆಂದಿಲ್‌ಕುಮಾರ್ ಎರಡೂ ಕಡೆಯವರಿಗೆ ಅವನೇ ಮಾಡಿಕೊಟ್ಟ. ಧನಶೇಖರನ ಕಣ್ಣಿಗೆ ಕಂಪ್ಯೂಟರಿನಲ್ಲಿ ಅಷ್ಟು ಹಸಿರು ಸುರಿದಿದ್ದ ಎಂದರೆ, ಸಂಜೆಯಾದರೆ ಬೀದಿನಾಯಿಗಳೆಲ್ಲ ಫ್ಲೆಕ್ಸಿನ ಕೆಳಗೆ ನಿಂತು ಬೊಗಳುತ್ತಿದ್ದವು. ಕಾಲನಿಯ ಮುಂದೆ ಮೇನಕಾಳ ಫ್ಲೆಕ್ಸ್ ಬಿಚ್ಚಿದರು. ಅದರಲ್ಲಿ ಹಾಲಿನಂಥ ಬಿಳೀ ಹುಡುಗಿಯೊಬ್ಬಳು ಕೈಮುಗಿದು ನಿಂತಿದ್ದಳು. ಕೂದಲು ಸೊಂಟದವರೆಗೆ ನೆಟ್ಟಗೆ ಇಳಿದಿತ್ತು.

ಆ ಹೊತ್ತಿಗೆ ತಿರುಪ್ಪೂರಿನಿಂದ ಟೀಶರ್ಟಿನ ಗಂಟು ಹೊತ್ತು ಎಮೆಕ ಬಂದ. ಫ್ಲೆಕ್ಸನ್ನು ಮೇಲಿಂದ ಕೆಳಗೆ ನೋಡಿದ.

"ಅತ್ತೇ, ಇದ್ಯಾರ ಮಗ್ಳು?"

"ನಿಂದೇ ಅಂತೆ ಕಣಪ್ಪಾ."

"ನಂದಾ? ನಾನ್ ಇವ್ಳ್ನ ನೋಡೇ ಇಲ್ವಲ್ಲತ್ತೆ!"

ಸಪ್ಪಲಮ್ಮ ಫೋನ್ ಹಚ್ಚಿಸಿ ಸೆಂದಿಲ್‌ಕುಮಾರನನ್ನು ತರಾಟೆಗೆ ತೆಗೆದುಕೊಂಡಳು. ಅವನಿಗೆ ತನ್ನ ತಪ್ಪೇನೆಂದೇ ಗೊತ್ತಾಗಲಿಲ್ಲ. "ಬೆಳ್ಳಗೆ ಮಾಡಿದ್ದಕ್ಕೆ ಕಾಸೇ ತಗೊಂಡಿಲ್ಲ ಅಜ್ಜೀ, ಫ್ರೀ," ಎಂದ. ಒಳ್ಳೆಯವನೇ. ಆ ಒಳ್ಳೆಯತನಕ್ಕಿಷ್ಟು ಬೆಂಕಿ ಹಾಕ.

ಸಪ್ಪಲಮ್ಮ ಫೋನ್ ಬಿಸಾಕಿ ಒಲೆಯಿಂದ ಇದ್ದಿಲು ತಂದಳು. ಫ್ಲೆಕ್ಸ್ ಕಟ್ಟಿದ್ದ ಕಟ್ಟೆ ಹತ್ತಿದಳು. ಆ ನೆಟ್ಟಗಿನ ಕೂದಲಿನ ಮೇಲೆ ಜಿಲೇಬಿ ಹಿಂಡಿದಂತೆ ಸುತ್ತು ಸುತ್ತು ಬರೆದಳು. ಮುಖಕ್ಕೆ ಗಟ್ಟಿ ರಾಗಿ ಅಂಬಲಿ ಬಳಿದಳು. ಅದು ಮಸಿ ಬಳಿದದ್ದಲ್ಲ, ಕಿತ್ತುಕೊಂಡ ಬಣ್ಣವನ್ನು ವಾಪಸು ಕೊಟ್ಟದ್ದು. ಕೈಯೆತ್ತಿ ಎತ್ತಿ ರೆಟ್ಟೆ ಬಿದ್ದುಹೋಯಿತು. ಎಮೆಕ ದೂರ ನಿಂತು ನೋಡಿ, "ಊಂ, ಈಗ ನನ್ ಮಗ್ಳು," ಎಂದ.

ಮಾರನೆಯ ದಿನ ಮಾರಿಯಪ್ಪನ ಆಡು ಬಂದು ರಾಗಿಯ ರುಚಿಗೆ ಒಂದು ಕೆನ್ನೆಯನ್ನು ಪೂರ್ತಿ ನೆಕ್ಕಿಬಿಟ್ಟಿತು. ಒಂದು ಕಡೆ ಬಿಳಿ, ಒಂದು ಕಡೆ ಕಂದು. ಊರವರು ಹಾದುಹೋಗುತ್ತಾ, "ನೋಡ್ರೋ, ಈಗ ಕರೆಕ್ಟಾಗೈತೆ, ಅರ್ಧರ್ಧ," ಎಂದು ನಕ್ಕರು. ಸಪ್ಪಲಮ್ಮ ಆಡನ್ನು ಅಟ್ಟಿಸಿಕೊಂಡು ಹೋದಳು. ನಗುವವರನ್ನು ಅಟ್ಟಿಸಿಕೊಂಡು ಹೋಗುವ ಹಾಗಿರಲಿಲ್ಲವಲ್ಲ.

ಆಮೇಲೆ ಎಲೆಕ್ಷನ್ ಗುರುತು ಹಂಚಿದರು. ಜೋಡಿಗುಂಟೆಯಲ್ಲಿ ಗುರುತೆಂದರೆ ಸುಮ್ಮನೆ ಚಿತ್ರವಲ್ಲ. ಅಭ್ಯರ್ಥಿ ತನ್ನ ಗುರುತಿನ ಸಾಮಾನನ್ನೇ ಮನೆಮನೆಗೆ ಹಂಚಬೇಕು. ಧನಶೇಖರ್ ಮೊದಲ ಸಲ ಬಕೆಟ್ ಗುರುತಿನಲ್ಲಿ ನಿಂತು ಬಕೆಟ್ ಕೊಟ್ಟಿದ್ದ. ಎರಡನೇ ಸಲ ತಟ್ಟೆ ಗುರುತು, ತಟ್ಟೆ ಕೊಟ್ಟಿದ್ದ. ಮುದುಕರು ಮುದುಕಿಯರು ಹೆಸರು ಗಿಸರು ಓದುವುದಿಲ್ಲ. ಯಾರು ಕೈಗೆ ಏನು ಕೊಟ್ಟರೋ ಆ ಚಿತ್ರದ ಮೇಲೆ ಮುದ್ರೆ ಒತ್ತುತ್ತಾರೆ. ತಿಂದ ಅನ್ನಕ್ಕೆ ಮೋಸ ಮಾಡುವವರಲ್ಲ ಅವರು.

ಈ ಸಲ ಧನಶೇಖರನಿಗೆ ಬಂದದ್ದು ಬೀಗ ಮತ್ತು ಬೀಗದ ಕೈ. ಅವನು ಬೀಗ ಹಂಚಲಿಲ್ಲ. ಕಾಲನಿಯವರ ಕೈಗೆ ಬೀಗ ಕೊಟ್ಟರೆ ಯಾವುದಕ್ಕೆ ಹಾಕುತ್ತಾರೋ ಎಂಬ ದಿಗಿಲು. ಮೇಲಾಗಿ, ನನ್ನ ಕಣ್ಣು ಸಾಲದೇ ಎಂಬ ಧಿಮಾಕು.

ಮೇನಕಾಗೆ ಬಂದದ್ದು ಬಾಚಣಿಗೆ.

ಬ್ಲಾಕ್ ಆಫೀಸಿನಲ್ಲಿ ಆ ಚೀಟಿ ಎತ್ತಿದ ಅಧಿಕಾರಿ ಒಮ್ಮೆ ಚೀಟಿ ನೋಡಿದ, ಒಮ್ಮೆ ಅವಳ ತಲೆ ನೋಡಿದ. ಕೆಮ್ಮಿದ. ಸುದ್ದಿ ಅವಳಿಗಿಂತ ಮೊದಲು ಬಸ್ಸು ಹತ್ತಿ ಜೋಡಿಗುಂಟೆಗೆ ಬಂದು ಕೂತಿತ್ತು. ಟೀ ಅಂಗಡಿಯವರು ನೆಲದ ಮೇಲೆ ಹೊರಳಾಡಿ ನಕ್ಕರು. ಅವಳು ಬೀದಿಯಲ್ಲಿ ಬಂದರೆ ಪಡ್ಡೆಗಳೆಲ್ಲ ಜೇಬಿನಿಂದ ಬಾಚಣಿಗೆ ತೆಗೆದು ತಲೆ ಬಾಚಿಕೊಳ್ಳುತ್ತಾ ನಿಲ್ಲತೊಡಗಿದರು.

ಧನಶೇಖರನಿಗೆ ಬ್ರಹ್ಮಾನಂದ. ಸೇಲಂನಿಂದ ಗೋಣಿಚೀಲದಲ್ಲಿ ಬಾಚಣಿಗೆ ತರಿಸಿದ. ಜೀಪಿನ ಮೇಲೆ ನಿಂತು, ನಾಗರಾಜನ್ ಕೈಯಲ್ಲಿ ಮನೆಮನೆಗೆ ಕೊಡಿಸಿದ. ಕೊಡುತ್ತಾ ಮೈಕಿನಲ್ಲಿ ಕೂಗಿದ: "ತಾಯಂದಿರೇ, ಈ ಬಾಚಣಿಗೆ ಆ ತಲೇಲಿ ಓಡ್ತದಾ ಅಂತ ನೀವೇ ಯೋಚನೆ ಮಾಡಿ!"

ಅವನ ಹೆಂಡತಿ ಜಯಪ್ರಿಯಾ ಊಟಕ್ಕಿಕ್ಕುತ್ತಾ ಕೇಳಿದಳಂತೆ. "ಏನ್ರೀ, ಅವಳ ಗುರುತನ್ನ ನಾವೇ ಮನೆಮನೆಗೆ ಕೊಡ್ತಾ ಇದ್ದೀವಲ್ಲಾ?" ಅದಕ್ಕೆ ಅವನು, "ರಾಜಕೀಯ ನಿನಗೆ ಅರ್ಥ ಆಗಲ್ಲ, ಸಾರು ಹಾಕು," ಎಂದನಂತೆ. ಅವಳು ಸಾರು ಹಾಕಿದಳು.

ಜೀಪು ಕೊನೆಗೆ ಹುಣಸೆಮರದ ಹತ್ತಿರ ಬಂತು. ನೀರಿನ ಹೊತ್ತು. ಕಾಲನಿಯ ಹೆಂಗಸರೆಲ್ಲ ಸಾಲಾಗಿ ನಿಂತಿದ್ದರು. ಅವತ್ತು ಹೇಗೋ ಸಪ್ಪಲಮ್ಮನ ಬಿಂದಿಗೆ ತುಂಬಿತ್ತು. ಪಕ್ಕದಲ್ಲಿ ಮೇನಕಾ, ಅವಳ ಹಿಂದೆ ಎಮೆಕ.

"ಎಲ್ಲಾರೂ ನೋಡಿ," ಧನಶೇಖರ್ ಮೈಕಿನಲ್ಲಿ ಹೇಳಿದ. "ನಾನು ಸವಾಲ್ ಹಾಕ್ತೀನಿ. ಈ ಬಾಚಣಿಗೆ ಆ ಹುಡುಗಿ ತಲೇಲಿ ಒಂದೇ ಒಂದು ಸಲ ಮೇಲಿಂದ ಕೆಳಕ್ಕೆ ಬರ್ಲಿ. ಎಲೆಕ್ಷನ್ ಬಿಟ್ಟುಕೊಡ್ತೀನಿ. ಇದು ತಮಿಳರ ತಲೆನಾ? ಕನ್ನಡದವರ ತಲೆನಾ? ಯಾವ ದೇಶದ ತಲೆ?"

ನಾಗರಾಜನ್ ಜೀಪಿನಿಂದ ಧುಮುಕಿದ. ಹಿಂದಿನಿಂದ ಹೋಗಿ ಮೇನಕಾಳ ಕೂದಲಿಗೆ ಬಾಚಣಿಗೆ ಚುಚ್ಚಿ ಎಳೆದ. ಅವಳ ಕತ್ತು ಹಿಂದಕ್ಕೆ ವಾಲಿತು. ಕಣ್ಣಲ್ಲಿ ನೀರು ಬಂತು. ಟಕ ಟಕ ಎಂದು ಹಲ್ಲು ಮುರಿದವು, ಬಾಚಣಿಗೆಯ ಹಲ್ಲು. ಬಾಚಣಿಗೆ ಅಲ್ಲೇ ಸಿಕ್ಕಿಕೊಂಡು ನಿಂತಿತು. ಜೀಪಿನ ಮೇಲಿದ್ದವರು ಕೇಕೆ ಹಾಕಿದರು.

ಎಮೆಕ ಮುಂದೆ ನುಗ್ಗಿದ. ಸಪ್ಪಲಮ್ಮ ಅವನನ್ನು ಮೊಣಕೈಯಿಂದ ತಡೆದಳು. ಅವನು ಕೈಯೆತ್ತಿದರೆ ನಾಳೆ ಸ್ಟೇಷನ್ನಿನಲ್ಲಿ ಯಾರು ಫಾರಿನ್ನು, ಯಾರು ದೊರೆ ಎಂಬುದು ಅವಳಿಗೆ ಗೊತ್ತಿತ್ತು. ಅವಳೇ ತುಂಬಿದ ಬಿಂದಿಗೆಯನ್ನು ಎರಡೂ ಕೈಯಿಂದ ತಲೆಯ ಮೇಲಕ್ಕೆತ್ತಿದಳು. ಜೀಪಿನವರು ಮುಖಕ್ಕೆ ಕೈ ಅಡ್ಡ ಹಿಡಿದರು. ಧನಶೇಖರ್ ಮೈಕಿನ ಹಿಂದೆ ಅವಿತ.

ಸಪ್ಪಲಮ್ಮ ಎಸೆಯಲಿಲ್ಲ. ನೀರು! ಇವರ ಮುಖಕ್ಕೆ ಯಾರು ದಂಡ ಮಾಡುತ್ತಾರೆ? ಮೆಲ್ಲಗೆ, ಒಂದು ತೊಟ್ಟೂ ಚೆಲ್ಲದಂತೆ ಬಿಂದಿಗೆಯನ್ನು ಕೆಳಗಿಟ್ಟಳು. ಅದರ ಮೇಲೆ ತಟ್ಟೆ ಮುಚ್ಚಿದಳು. ಧನಶೇಖರನೇ ಹೋದ ಸಲ ಕೊಟ್ಟ ತಟ್ಟೆ. ಆಮೇಲೆ ಜೀಪಿನ ಮುಂದೆ ಹೋಗಿ ಸೊಂಟದ ಮೇಲೆ ಕೈಯಿಟ್ಟು ನಿಂತಳು.

"ಧನಸೇಕರಣ್ಣಾ, ಒಂದ್ ಮಾತು ಕೇಳ್ತೀನಿ. ಮೈಕ್‌ನಾಗೇ ಏಳು, ಎಲ್ರಿಗೂ ಕೇಳ್ಲಿ. ನಿನ್ ದೊರೆ ಕಡಲು ದಾಟ್ಕಂಡು ಬಂದ. ಬೆರಕೆ ಆಗಿ ನಿಂಗೆ ಬೆಕ್ಕಿನ ಕಣ್ಣು ಬಂತು. ಅದ್ಕೆ ಆರ್ತಿ. ನನ್ ಅಳಿಯನೂ ಕಡಲು ದಾಟ್ಕಂಡೇ ಬಂದ. ಬೆರಕೆ ಆಗಿ ನನ್ ಮೊಮ್ಮಗ್ಳಿಗೆ ಉಂಗ್ರ ಕೂದ್ಲು ಬಂತು. ಇದ್ಕೆ ನಗಾ? ಎರಡೂ ಬೆರಕೆನೇ ತಾನೇ? ಬಿಳೀದು ಬೆರ್ತ್ರೆ ಆಲು, ಕಪ್ಪು ಬೆರ್ತ್ರೆ ಮೋರಿ ನೀರಾ? ಏಳಣ್ಣಾ!"

ಮೈಕು ಕುಂಯ್ ಎಂದಿತು.

"ಅದು... ಅದು ಬೇರೆ, ಇದು ಬೇರೆ," ಎಂದ ಧನಶೇಖರ್.

"ಏನ್ ಬೇರೆ? ನಿನ್ ದೊರೆ ರೈಲ್ ಆಕ್ದ ಅಂತೀಯ. ಕಂಬಿ ಒತ್ತೋರು ಯಾರು? ನನ್ ಮಾವನ ತಾತ. ಅವ್ನ ಎಗಲಿಗೆ ಯಾರಾದ್ರೂ ಆರ್ತಿ ಎತ್ತುದ್ರಾ? ನಿಮ್ ಕಾಲ್ವೆ ಬಳಿಯೋವಾಗ ನಾವು ಈ ಮಣ್ಣೋರು. ಓಟು ಆಕೋವಾಗ ನಾವು ನಿಮ್ಮೋರು. ನಾವು ಓಟು ಕೇಳೋವಾಗ ಫಾರಿನ್ನಾ? ನನ್ ಉಡ್ಗಿ ಅರ್ಧ ಅಲ್ಲ ಕಣಣ್ಣಾ, ಎರಡರಷ್ಟು. ಅರ್ಧ ಇರೋದು ನಿನ್ ಪೈಪು!"

ಸಾಲಿನಲ್ಲಿದ್ದ ಹೆಂಗಸರಲ್ಲಿ ಯಾರೋ ಒಬ್ಬಳು ಫಕ್ಕನೆ ನಕ್ಕಳು. ಅದು ಸಾಲಿನುದ್ದಕ್ಕೂ ಹಬ್ಬಿತು. ಮಾರಿಯಪ್ಪ ಕೂಡ ನಕ್ಕ, ಯಾರೂ ನೋಡುತ್ತಿಲ್ಲ ಎಂದುಕೊಂಡು. ಸಪ್ಪಲಮ್ಮ ಮೊಮ್ಮಗಳ ತಲೆಯಿಂದ ಬಾಚಣಿಗೆ ಬಿಡಿಸಲು ಕೈ ಹಾಕಿದಳು.

"ಬ್ಯಾಡ ಅಜ್ಜೀ, ತೆಗೀಬ್ಯಾಡ," ಎಂದಳು ಮೇನಕಾ. ಕಣ್ಣು ಒರೆಸಿಕೊಂಡಳು. ಜೀಪಿನ ಕಡೆ ತಿರುಗಿದಳು. "ನನ್ ಗುರ್ತು ನನ್ ತಲೆ ಮೇಲೈತೆ. ಇಲ್ಲೇ ಇರ್ತದೆ. ನಿಮ್ದೆಲ್ಲಣ್ಣಾ, ನಾಗರಾಜಣ್ಣನ ಉಡುದಾರದಾಗಾ?"

ಮುರಿದ ಬಾಚಣಿಗೆಯನ್ನು ತಲೆಯಲ್ಲಿಟ್ಟುಕೊಂಡೇ ಅವಳು ಬಿಂದಿಗೆ ಹೊತ್ತು ಹೋದಳು. ಮಾರನೆಯ ದಿನವೂ ತೆಗೆಯಲಿಲ್ಲ. ಅವತ್ತು ನೀರಿಗೆ ಬಂದ ಕಾಲನಿಯ ಹೆಂಗಸರೆಲ್ಲ ತಲೆಗೊಂದೊಂದು ಬಾಚಣಿಗೆ ಸಿಕ್ಕಿಸಿಕೊಂಡು ಬಂದರು. ಧನಶೇಖರನೇ ಕೊಟ್ಟಿದ್ದನಲ್ಲ, ಕೊರತೆಯೇನು?

ಓಟಿನ ದಿನ ಶಾಲೆಯ ಮುಂದೆ ಗಲಾಟೆಯೋ ಗಲಾಟೆ. ಎಲ್ಲಿ ನೋಡಿದರೂ ಬಾಚಣಿಗೆ. ಹೆಂಗಸರ ತುರುಬಿನಲ್ಲಿ, ಗಂಡಸರ ಜೇಬಿನಲ್ಲಿ, ಮಾರಿಯಪ್ಪನ ಕಿವಿಯ ಮೇಲೆ. ಧನಶೇಖರ್ ಓಡಿ ಬಂದು ಬಾಗಿಲಲ್ಲಿದ್ದ ಪೊಲೀಸನಿಗೆ ಹೇಳಿದ.

"ಸಾರ್, ಎಲ್ರೂ ಅವಳ ಗುರುತು ಇಟ್ಕೊಂಡು ಒಳಕ್ಕೆ ಹೋಗ್ತಿದ್ದಾರೆ. ಇದು ಪ್ರಚಾರ. ಕಿತ್ಕೊಳ್ಳಿ ಸಾರ್!"

ಪೊಲೀಸ್ ಒಬ್ಬ ಮುದುಕನನ್ನು ತಡೆದ. "ಯಾರ್ ಕೊಟ್ರು ತಾತಾ ಇದನ್ನ?"

"ಇವ್ರೇ ಕೊಟ್ರು ಸಾಮೀ," ಎಂದು ಮುದುಕ ಧನಶೇಖರನನ್ನೇ ತೋರಿಸಿದ.

ಒಳಗಿಂದ ಚುನಾವಣಾ ಅಧಿಕಾರಿ ಬಂದರು. ಅವರ ತಲೆ ಬೋಳು, ಹುಟ್ಟಿದಾಗಿನಿಂದ ಬಾಚಣಿಗೆಯ ಸಹವಾಸವೇ ಇಲ್ಲದಂತಿತ್ತು. "ಬಾಚಣಿಗೆ ಇಟ್ಕೊಂಡು ಬರಬಾರದಾದರೆ ಮೊದಲು ನಿಮ್ಮಿಂದ ಶುರು ಮಾಡೋಣ," ಎಂದು ಧನಶೇಖರನ ಜೇಬಿನಿಂದ ಒಂದು, ಪೊಲೀಸಿನವನ ಜೇಬಿನಿಂದ ಒಂದು ಎಳೆದು ಮೇಜಿನ ಮೇಲಿಟ್ಟರು. ಪೊಲೀಸನಿಗೆ ಸಿಟ್ಟು ಬಂತು. ಟೋಪಿ ತೆಗೆದರೆ ತಲೆ ಕೆದರುತ್ತದಂತೆ. ಅಲ್ಲಿಗೆ ಆ ವಿಷಯ ಮುಗಿಯಿತು.

ಓಟು ಹಾಕಿ ಹೊರಗೆ ಬಂದ ಊರಿನ ಮುದುಕಿ ಚೆಲ್ಲಮ್ಮ, ಕೋಲೂರಿಕೊಂಡು ನೇರ ಧನಶೇಖರನ ಹತ್ತಿರ ಹೋಗಿ ಅವನ ಗಲ್ಲ ಹಿಡಿದಳು.

"ಮರೀಲಿಲ್ಲಪ್ಪಾ. ಬಕೀಟು ಕೊಟ್ಟಾಗ ಬಕೀಟು. ತಟ್ಟೆ ಕೊಟ್ಟಾಗ ತಟ್ಟೆ. ಈ ಸಲ ನಿನ್ ಬಾಚಣಿಗೆಗೇ ಮುದ್ರೆ ಕುತ್ತಿದೀನಿ. ನಮ್ ಬೀದಿ ಮುದ್ಕೀರೆಲ್ಲಾ ಬಾಚಣಿಗೆನೇ. ಚೆನ್ನಾಗಿರಪ್ಪಾ, ದೊರೇ."

ಧನಶೇಖರನ ಬೆಕ್ಕಿನ ಕಣ್ಣು ಅವತ್ತು ಮೊದಲ ಸಲ ನಿಜವಾದ ಬೆಕ್ಕಿನ ಕಣ್ಣಿನ ಹಾಗೆ ಅಗಲವಾಯಿತು.

ಬಾಚಣಿಗೆ ಗೆದ್ದಿತು. ಹಲ್ಲು ಮುರಿದದ್ದೇ ಗೆದ್ದಿತು. ಧನಶೇಖರನ ಮನೆಯಿಂದಲೂ ಬಾಚಣಿಗೆಗೆ ಒಂದು ಬಿದ್ದಿದೆ ಎಂದು ಜನ ಆಡಿಕೊಂಡರು. ಜಯಪ್ರಿಯಾ ಕೇಳಿಯೂ ಸಾರು ಕುದಿಸುತ್ತಲೇ ಇದ್ದಳು.

ಅರ್ಧ ಓಟು ತಪ್ಪಿ ಬಿದ್ದದ್ದು, ಇದೇನು ಗೆಲುವೇ ಎಂದು ಟೀ ಅಂಗಡಿಯಲ್ಲಿ ಕೊಂಕು ತೆಗೆದರು. ಅದು ಸಪ್ಪಲಮ್ಮನ ಕಿವಿಗೆ ಬಿತ್ತು. "ಇಷ್ಟ್ ವರ್ಸ ನಾವು ತಪ್ಪಾಗಿ ಅವ್ನಿಗೆ ಆಕ್ಲಿಲ್ವಾ? ಈಗ ಅವ್ರು ಒಂದ್ಸಲ ತಪ್ಪಾಗಿ ನಮ್ಗಾಕವ್ರೆ. ಇರ್ಲಿ, ಕಲೀತಾರೆ," ಎಂದಳು.

ಮಾವಿನಕಾಯಿ ಕೀಳುವ ಹೊತ್ತಿಗೆ ಪೈಪು ಹುಣಸೆಮರ ದಾಟಿತು. ಸಪ್ಪಲಮ್ಮನ ಓಣಿಯ ಬಾಯಲ್ಲೇ ನಲ್ಲಿ ನೆಟ್ಟರು. ಮೊದಲ ದಿನ ನೀರು ಬಿಡಲು ನಾಗರಾಜನ್ ತಾನೇ ಬಂದ. ಮೇನಕಾ ಪಂಚಾಯಿತಿ ಆಫೀಸಿನಲ್ಲಿದ್ದಳು, ತಲೆಯಲ್ಲಿ ಅದೇ ಮುರಿದ ಬಾಚಣಿಗೆ. ಓಣಿಯಲ್ಲಿ ಸಪ್ಪಲಮ್ಮ ಬಿಂದಿಗೆ ಇಟ್ಟುಕೊಂಡು ಕಾಯುತ್ತಿದ್ದಳು. ನಾಗರಾಜನ್ ಹೆಗಲ ಮೇಲಿನ ಟವಲನ್ನು ಕಂಕುಳಿಗೆ ಇಳಿಸಿಕೊಂಡ.

"ಅಮ್ಮಾ, ಸಪ್ಪಲಮ್ಮನೋರೇ," ಎಂದ. ಸಪ್ಪಲೀ ಹೋಗಿ ಅಮ್ಮ ಬಂದಿತ್ತು. "ಊರಲ್ಲೆಲ್ಲಾ ಅದೇ ಮಾತು. ನಿಮ್ ಅಳಿಯಂದ್ರು ಅಲ್ಲಿ ರಾಜರ ವಂಶ ಅಂತೆ? ಆನೆ ಮೇಲೆ ಓಡಾಡೋರಂತೆ? ಅದಕ್ಕೇ ನಮ್ ಪ್ರೆಸಿಡೆಂಟಮ್ಮನ ಮುಖದಲ್ಲಿ ಆ ಕಳೆ. ರಾಜರಕ್ತ ಸುಮ್ನೆ ಬಿಡ್ತದಾ?"

ಸಪ್ಪಲಮ್ಮನಿಗೆ ಒಂದು ಗಳಿಗೆ ಬೆನ್ನು ನೆಟ್ಟಗಾಯಿತು. ಸುಳ್ಳೇಕೆ ಹೇಳಲಿ, ಹಿತವಾಯಿತು. ಆನೆ ಮೇಲೆ ಕೂತ ಎಮೆಕನನ್ನು ಮನಸ್ಸಿನಲ್ಲೇ ಒಂದು ಸುತ್ತು ನೋಡಿಕೊಂಡಳು. ಆಮೇಲೆ ಅವಳ ಕೈ ತಾನಾಗಿ ಎಡಸೊಂಟಕ್ಕೆ ಹೋಯಿತು. ದಡ್ಡು ಅಲ್ಲೇ ಇತ್ತು. ಸಿಟ್ಟು ನೆತ್ತಿಗೇರಿತು.

"ರಾಜನೂ ಇಲ್ಲ ಗೀಜನೂ ಇಲ್ಲ ಕಣ್ಲಾ ನಾಗರಾಜಾ," ಎಂದಳು. ಅಣ್ಣ ಹೋಗಿ ಲಾ ಬಂದಿತ್ತು. "ಅವ್ನಪ್ಪ ಆ ದೇಶ್ದಾಗೆ ಮರಗೆಣಸು ಬೆಳೀತಿದ್ದ, ನಮ್ ಸೇಲಂ ಕಡೆಯೋರ್ ತರಾನೇ. ಇವ್ನು ಬನೀನು ಮಾರ್ತಾನೆ. ನನ್ ಮಗ್ಳು ಬನೀನು ಒಲೀತಾಳೆ. ನಾನು ನೀರು ಒತ್ತೋಳು. ಇಷ್ಟೇ ನಮ್ ವಂಸ. ನೀನು ಇದ್ಕೇ ನೀರು ಬುಡ್ಬೇಕು. ಬುಡು!"

ನಾಗರಾಜನ್ ವಾಲ್ವ್ ತಿರುಗಿಸಿದ. ನಲ್ಲಿ ಮೊದಲು ಕೆಮ್ಮಿತು. ಆಮೇಲೆ ಕೆಂಪು ಕಕ್ಕಿತು. ಆಮೇಲೆ ನೀರು ಬಂತು. ಬಿಂದಿಗೆ ಅರ್ಧ ತುಂಬಿತು, ಮುಕ್ಕಾಲು ತುಂಬಿತು, ಕಂಠದವರೆಗೂ ತುಂಬಿ ಮೇಲೆ ಹರಿಯಿತು.

"ತುಂಬ್ತಲ್ಲಮ್ಮಾ, ನಿಲ್ಲಿಸ್ಲಾ?"

"ಇರ್ಲಿ. ಇನ್ನೊಸಿ ಓಗ್ಲಿ."

ನೀರು ಹರಿದು ಅವಳ ಪಾದ ನೆನೆಯಿತು. ಸಪ್ಪಲಮ್ಮ ಬಿಂದಿಗೆ ಎತ್ತಿ ಎಂದಿನಂತೆ ಎಡಸೊಂಟಕ್ಕೆ ಇಟ್ಟುಕೊಂಡಳು. ಸೀರೆಯ ನೆರಿಗೆ ಮೇಲಕ್ಕೆ ಸಿಕ್ಕಿಸಿ, ದೂರದ ದಾರಿಗೆಂದು ಉಸಿರು ಬಿಗಿಹಿಡಿದು ಹೊರಟಳು. ನಾಲ್ಕು ಹೆಜ್ಜೆಗೆ ಮನೆ ಬಂದುಬಿಟ್ಟಿತು. ಬಿಗಿಹಿಡಿದ ಉಸಿರನ್ನು ಏನು ಮಾಡುವುದೆಂದು ತಿಳಿಯದೆ ಅವಳು ಬಾಗಿಲಲ್ಲೇ ನಿಂತು ಜೋರಾಗಿ ನಕ್ಕುಬಿಟ್ಟಳು.